ತಾಮ್ರದ ತೇಪೆ

ನಮ್ಮ ಅಡಿಗೆಮನೆಗೆ ಕಿಟಕಿ ಇಲ್ಲ. ಕಟ್ಟಿಸಿದವರು ಮೇಲೆ ಒಂದು ಬೆಳಕಿಂಡಿ ಬಿಟ್ಟು, ಇಷ್ಟು ಸಾಕು ಅಂದರಂತೆ. ಅದರೊಳಗಿಂದ ಬೀಳುವ ಬಿಸಿಲು ಒಲೆಯ ಮುಂದೆ ರೊಟ್ಟಿಯಗಲ ಜಾಗ ಬೆಳಗುತ್ತದೆ, ಮಧ್ಯಾಹ್ನ ದಾಟಿದರೆ ಅದೂ ಗೋಡೆ ಹತ್ತಿ ಹೋಗಿಬಿಡುತ್ತದೆ. ಎದುರು ಗೋಡೆಗೆ ಸಾಗವಾನಿಯ ಮೂರು ಹಲಗೆ, ಒಂದರ ಮೇಲೊಂದು. ಅವುಗಳ ಮೇಲೆ ಹಿತ್ತಾಳೆಯ ಕೊಡ, ತಂಬಿಗೆ, ಡಬರಿ, ದೊಡ್ಡ ತಟ್ಟೆಯಂಥ ಪರಾತ. ಎಲ್ಲಾ ನಮ್ಮ ಅತ್ತೆಯ ಕಾಲದವು. ಕೆಳಗಿನ ಎರಡು ಸಾಲಿನವನ್ನು ಹಬ್ಬಕ್ಕೊಮ್ಮೆ ತೊಳೆಯುತ್ತಿದ್ದೆವು. ಮೇಲಿನ ಸಾಲು ಮದುವೆ ಮುಂಜಿಗೆ ಅಂತ ಇಟ್ಟದ್ದು. ಶಾಮಿಯಾನದವರೇ ಭಾಂಡೆ ತರುವುದು ಶುರುವಾದ ಮೇಲೆ ಅದನ್ನು ಯಾರೂ ಇಳಿಸಿರಲಿಲ್ಲ. ಒಲೆಯ ಹೊಗೆ ಕುಡಿದು ಕುಡಿದು ಹಿತ್ತಾಳೆ ಯಾವುದು, ಹಲಗೆ ಯಾವುದು ಅಂತ ತಿಳಿಯದ ಹಾಗಾಗಿತ್ತು.

ಆ ಹಲಗೆಗಳಿಗೆ ದೀಪ ಹಾಕಿಸಬೇಕೆಂದು ಸೊಸೆ ಅನ್ನಪೂರ್ಣಾ ಹಟ ಹಿಡಿದದ್ದು ಎರಡು ಸಾವಿರದ ಹತ್ತೊಂಬತ್ತರಲ್ಲಿ. ಬಸುರಿ ಮೊಮ್ಮಗಳು ಶಿವಾನಿಗೆ ಏಳು ತಿಂಗಳು ತುಂಬಿ, ತವರುಮನೆಯ ಕುಬಸ, ಅಂದರೆ ಸೀಮಂತ, ಗೊತ್ತಾಗಿತ್ತು. ಸವದತ್ತಿಯಿಂದ ಬೀಗರು ಬರುವವರಿದ್ದರು.

"ಭಾಂಡೆ ಅದಾವ್ರಿ ಅತ್ತಿ, ಆದ್ರ ಕಾಣೂದಿಲ್ಲ," ಅಂದಳು. "ಕಾಣದಂಗ ಇಟ್ಕೊಂಡು ಏನ ಮಾಡೂದೈತಿ? ಧಾರವಾಡದಾಗ ನಮ್ಮ ಅಣ್ಣನ ಮನ್ಯಾಗ ನೋಡ್ರಿ, ಹಲಗಿ ಕೆಳಗ ಪಟ್ಟಿದೀಪ ಹಚ್ಚ್ಯಾರ. ಸ್ಟೀಲಿನ ಲೋಟಾನೂ ಬೆಳ್ಳಿ ಕಂಡಂಗ ಕಾಣತಾವು."

ಮಗ ಮಹಾದೇವ ಹುಬ್ಬಳ್ಳಿಗೆ ಹೋದಾಗ ಎರಡು ಸುರುಳಿ ತಂದ. ಒಂದು ಹಳದಿ ಬೆಳಕಿನದು, ಒಂದು ಬಿಳಿಯದು. ಒಪ್ಪಿದ್ದು ಇಟ್ಟುಕೊಂಡು ಇನ್ನೊಂದನ್ನು ಹೊಳ್ಳಿ ಕೊಡಿ ಅಂದಿದ್ದನಂತೆ ಅಂಗಡಿಯವ. ಅನ್ನಪೂರ್ಣಾ ಎರಡು ದಿನ ಹಿತ್ತಲಲ್ಲಿ ಕೂತು ಹುಣಸೆಹಣ್ಣು, ಬೂದಿ ಹಾಕಿ ಮೂರೂ ಸಾಲಿನ ಭಾಂಡೆ ತಿಕ್ಕಿಸಿದಳು. ಮೊದಲು ಒಂದರ ಹಿಂದೊಂದು ಒರಗಿಸಿದ್ದ ಪರಾತಗಳನ್ನು ಈಗ ಬಿಡಿಬಿಡಿಯಾಗಿ, ಮುಖ ಮುಂದೆ ಮಾಡಿ ನಿಲ್ಲಿಸಿದಳು.

ಕುಬಸದ ಹಿಂದಿನ ದಿನ ವಾಯರಿಂಗಿನ ಪರಸಪ್ಪ ಬಂದ. ಸುರುಳಿ ಬಿಚ್ಚಿದ. ಜಡೆಗೆ ಕಟ್ಟುವ ರಿಬ್ಬನ್ನಿನಂಥ ಪಟ್ಟಿ, ಅದರ ಮೇಲೆ ಜೋಳದ ಕಾಳಿನಷ್ಟು ದೀಪಗಳು.

"ಇದಕ್ಕ ಈ ಡಬ್ಬಿ ಬೇಕ್ರಿ," ಅಂತ ಕರಿ ಡಬ್ಬಿಯೊಂದನ್ನು ತೋರಿಸಿದ. "ಬೋರ್ಡಿನ ಕರೆಂಟ್ ತಾ ತಗೊಂಡು, ಇದಕ್ಕ ಅರಗೂವಷ್ಟ ಕೊಡತೈತಿ. ದೀಪಾವಳಿ ಸರದಂಗ ಸೀದಾ ಹಚ್ಚಿದ್ರ ಸತ್ತ ಹೋಕ್ಕಾವ."

ಮೊದಲು ಹಳದಿ ಹಚ್ಚಿ ತೋರಿಸಿದ. ಅಡಿಗೆಮನೆಯೆಲ್ಲ ಅರಿಸಿನ ಬಳಿದಂತಾಯಿತು. ಕೊಡ, ತಂಬಿಗೆ, ಪರಾತ, ಹಲಗೆ, ಗೋಡೆ, ನಮ್ಮ ಕೈ ಎಲ್ಲಾ ಒಂದೇ ಬಣ್ಣ.

"ಬಂಗಾರದ ಅಂಗಡಿ ಆತಲ್ರಿ," ಅಂದ ಪರಸಪ್ಪ.

"ಬಿಳೇದೂ ತೋರ್ಸು."

"ಬಿಳೇದು ಅಂದ್ರ ದವಾಖಾನಿ ಆಗತೈತಿ ನೋಡ್ರಿ ಮತ್ತ."

"ನಮ್ಮದು ಅಂಗಡೀನೂ ಅಲ್ಲ, ದವಾಖಾನೀನೂ ಅಲ್ಲ. ತೋರ್ಸು."

ಡಬ್ಬಿಯನ್ನು ಬಿಳಿ ಪಟ್ಟಿಗೆ ಜೋಡಿಸಿ ಗುಂಡಿ ಒತ್ತಿದ. ಹಿತ್ತಾಳೆ ಹಿತ್ತಾಳೆಯಾಗಿ ಕಂಡಿತು. ತಂಬಿಗೆಯ ಕಂಠದ ಗೀರು, ಡಬರಿಯ ತಗ್ಗು, ಹುಣಸೆಹಣ್ಣಿನ ನಾರು ಅಂಟಿದ್ದು ಸುದ್ದಾ ಕಂಡಿತು. ಮೇಲಿನ ಸಾಲಿನ ಮೂಲೆಯ ಪರಾತದ ಅಂಚಿನಲ್ಲಿ ವೀಳ್ಯದೆಲೆಯಷ್ಟು ಅಗಲದ ಒಂದು ತೇಪೆ ಕಂಡಿತು. ಸುತ್ತ ಹಳದಿ, ಅದು ಮಾತ್ರ ಕೆಂಪು. ತಾಮ್ರ.

ನಾನು ಎದ್ದು ಹತ್ತಿರ ಹೋದೆ. ತೇಪೆಗೆ ಬಡಿದ ಮೊಳೆಗಳಲ್ಲಿ ಒಂದು ಓರೆಯಾಗಿತ್ತು. ಆ ಮೊಳೆಯ ಗುರುತು ನನಗಿತ್ತು.

"ಏನಾತ್ರಿ ಅತ್ತಿ?"

"ಏನಿಲ್ಲ."

ಅನ್ನಪೂರ್ಣಾಗೆ ಬಿಳಿಯದೇ ಒಪ್ಪಿತು. ಅನ್ನದಲ್ಲಿ ಹಳ್ಳು ಬಿದ್ದರೂ ಕಾಣುತ್ತದೆ ಅಂದಳು. ಪರಸಪ್ಪ ಹಲಗೆಯ ಕೆಳಗೆ ಪಟ್ಟಿ ಅಂಟಿಸಹೋದ. ಹೊಗೆಯ ಜಿಡ್ಡಿಗೆ ಅಂಟು ನಿಲ್ಲಲಿಲ್ಲ. ಒಂದು ತುದಿ ಒತ್ತಿದರೆ ಇನ್ನೊಂದು ತುದಿ ಜೋತುಬೀಳುತ್ತಿತ್ತು. ಕ್ಲಿಪ್ಪು ತರುತ್ತೇನೆ ಅಂತ ಅಂಗಡಿಗೆ ಹೋದ. ದೀಪ ಉರಿಯುತ್ತಲೇ ಇತ್ತು. ಆಗಲೇ ಮಹಾದೇವ ಒಳಗೆ ಬಂದ. ನಗುತ್ತ ಬಂದವನು ಮೇಲೆ ನೋಡಿ ನಿಂತ. ಅವನಿಗೂ ಗುರುತು ಸಿಕ್ಕಿತು.

"ಅದು ಶಟ್ಟೆವ್ವಕಾಕಿ ಪರಾತ," ಅಂದ ಮೆಲ್ಲಗೆ.

ಅನ್ನಪೂರ್ಣಾ ಈ ಮನೆಗೆ ಬಂದದ್ದು ಆ ಪರಾತದ ಸಂಗತಿ ನಡೆದ ಮೇಲೆ. ಮಹಾದೇವನ ಅಕ್ಕನನ್ನು, ಅಂದರೆ ನನ್ನ ಮಗಳನ್ನು, ರಾಮದುರ್ಗಕ್ಕೆ ಕೊಟ್ಟಿದ್ದೇವೆ. ಆಕೆಯ ಮದುವೆ ಈ ಮನೆಯಲ್ಲೇ ಆಯಿತು, ಲಾತೂರಿನ ಕಡೆ ಭೂಮಿ ನಡುಗಿದ ವರ್ಷದ, ಅಂದರೆ ತೊಂಬತ್ಮೂರರ, ಬೇಸಿಗೆಯಲ್ಲಿ. ಆಗೆಲ್ಲ ಮದುವೆಗೆ ಓಣಿಯ ಮನೆಮನೆಯಿಂದ ಭಾಂಡೆ ಎರವಲು ತರುವುದು, ಮುಗಿದ ಮೇಲೆ ತೊಳೆದು, ಒಂದು ಹಿಡಿ ಅಕ್ಕಿಯನ್ನೋ ಬೆಲ್ಲದ ಉಂಡೆಯನ್ನೋ ಹಾಕಿ ಹೊಳ್ಳಿ ಕೊಡುವುದು. ಬರೇ ಭಾಂಡೆ ಕೊಡಬಾರದು. ಎದುರು ಮನೆಯ ಶಟ್ಟೆವ್ವ ತನ್ನ ಮಾವನ ಕಾಲದ ಪರಾತ ಕೊಟ್ಟಿದ್ದಳು. ಹೊಳ್ಳಿ ಮುಟ್ಟಿಸುವ ಕೆಲಸ ಬಾಯವ್ವನದು. ಓಣಿಯಲ್ಲಿ ಯಾರ ಮನೆಯ ಮದುವೆಯಿದ್ದರೂ ರೊಟ್ಟಿ ಬಡಿಯಲು ಆಕೆಯೇ ಬರುತ್ತಿದ್ದಳು. ಆಕೆಯ ರೊಟ್ಟಿ ಬೆಳಗಿನಿಂದ ಸಂಜೆತನಕ ಸೆಟೆಯುತ್ತಿರಲಿಲ್ಲ.

ಎಲ್ಲರ ಭಾಂಡೆ ಮುಟ್ಟಿದವು. ಶಟ್ಟೆವ್ವನ ಪರಾತ ಮುಟ್ಟಲಿಲ್ಲ. ನಮ್ಮ ಅತ್ತೆ, "ನಾ ನನ್ನ ಕೈಯಾರೆ ಬಾಯವ್ವನ ಕೈಯಾಗ ಕೊಟ್ಟೇನಿ," ಅಂದಳು. ಹಲಗೆಯ ಮೇಲೆ ಇರಬಹುದು, ಇಳಿಸಿ ನೋಡೋಣ ಅಂದೆ. ನಮ್ಮ ಪರಾತ ಎರಡು, ಹಲಗೆಯ ಮೇಲೂ ಎರಡೇ ಇದ್ದವು. ಲೆಕ್ಕ ಸರಿ ಬಂದ ಮೇಲೆ ಹಿಂದಿನದರ ಮುಖ ಯಾರು ತಿರುವಿ ನೋಡುತ್ತಾರೆ? ನಮ್ಮದೊಂದು ಇನ್ಯಾರದೋ ಮನೆ ಸೇರಿ, ಅದರ ಜಾಗದಲ್ಲಿ ಶಟ್ಟೆವ್ವನದು ಕೂತಿತ್ತು ಅಂತ ಯಾರ ತಲೆಗೂ ಹೊಳೆಯಲಿಲ್ಲ.

ಕಟ್ಟೆಯ ಮೇಲೆ ಮಂದಿ ಕೂಡಿದರು. ಶಟ್ಟೆವ್ವ ಎಲ್ಲವ್ವನ ಭಂಡಾರ, ಆ ದೇವಿಯ ಅರಿಸಿನ ಪುಡಿ, ತಾಟಿನಲ್ಲಿ ತಂದಳು. ಬಾಯವ್ವ ಅದನ್ನು ಮುಟ್ಟಿ, ನಾನು ಒಯ್ದಿಲ್ಲ ಅಂತ ಆಣೆ ಮಾಡಿದಳು. ಅಲ್ಲಿಗೆ ಮುಗಿಯಬೇಕಿತ್ತು. ಆದರೆ ಆ ವರ್ಷವೇ ಆಕೆಯ ಗಂಡನಿಗೆ ಕಾಮಣಿ ಆಯಿತು. ಕಣ್ಣು, ಉಗುರು ಎಲ್ಲಾ ಹಳದಿಯಾಗಿ ಸತ್ತ. ಸುಳ್ಳು ಆಣೆ ಮಾಡಿದಳು, ಮುಟ್ಟಿದ ಭಂಡಾರ ಗಂಡನ ಕಣ್ಣಿಗೆ ಏರಿತು ಅಂದರು ಮಂದಿ. ಅಂದಿನಿಂದ ಓಣಿಯ ಯಾವ ಶುಭಕ್ಕೂ ಬಾಯವ್ವನನ್ನು ಕರೆಯಲಿಲ್ಲ. ಬಸ್‌ಸ್ಟ್ಯಾಂಡಿನ ಹಿಂದೆ ಒಂದು ಖೋಲಿ ಹಿಡಿದು ಖಾನಾವಳಿಗೆ ರೊಟ್ಟಿ ಬಡಿದು ಕೊಡುತ್ತಿದ್ದಳು.

ಇಷ್ಟನ್ನು ನಾನು ಅನ್ನಪೂರ್ಣಾಗೆ ಹೇಳಿ ಮುಗಿಸುವಷ್ಟರಲ್ಲಿ ಮಹಾದೇವ ಸ್ಟೂಲು ಹತ್ತಿದ್ದ.

"ಎಲ್ಲಿ ಒಯ್ತಿ?" ಅಂದೆ.

"ಅಟ್ಟಕ್ಕ."

"ಮುಟ್ಟಬ್ಯಾಡ."

"ಯವ್ವಾ, ನಾಳೆ ಬೀಗರು ಬರತಾರ. ಶಟ್ಟೆವ್ವಕಾಕಿ ಇದ ಮನ್ಯಾಗ ಕುಂತು ಆರತಿ ಹಿಡ್ಯಾಕಿ. ಮ್ಯಾಲ ನೋಡಿದ್ರ ಏನ ಹೇಳ್ಲಿ? ಸತ್ತ ಅಜ್ಜಿನ್ನ ಸುಳ್ಳಿ ಮಾಡ್ಲೇನು?"

"ಬದುಕಿದಾಕಿನ್ನ ಕಳ್ಳಿ ಮಾಡೀವಲ್ಲೋ."

"ಕುಬಸ ಆಗ್ಲಿ. ಆಮ್ಯಾಲ ನೋಡೂಣು."

"ನೀ ಅಟ್ಟಕ್ಕ ಒಯ್ದ್ರ ಮತ್ತ ಅದು ಕೆಳಗ ಬರೂದಿಲ್ಲ, ನನಗ ಗೊತ್ತೈತಿ. ಅದನ್ನ ಮುಟ್ಟಿದ್ರ ನಾ ಈ ಮನ್ಯಾಗ ನೀರ ಮುಟ್ಟೂದಿಲ್ಲ."

ದನಿ ಏರಿಸಿ ಹೇಳಲಿಲ್ಲ. ಮಹಾದೇವನಿಗೆ ನನ್ನ ಸ್ವಭಾವ ಗೊತ್ತು, ಸ್ಟೂಲಿನಿಂದ ಇಳಿದ. ಪಟ್ಟಿಯನ್ನು ನೋಡಿದ, ಕೆಳಗೆ ಬಿದ್ದಿದ್ದ ಹಳದಿ ಸುರುಳಿಯನ್ನು ನೋಡಿದ.

"ಹಂಗಾರ ಇದ್ದಲ್ಲೆ ಇರ್ಲಿ. ಹಳದಿ ದೀಪ ಹಾಕತೇನಿ. ಅದರಾಗ ಕಾಣಿಸ್ತೇನು ತೇಪೆ?"

ಅನ್ನಪೂರ್ಣಾ ತಲೆ ಅಲ್ಲಾಡಿಸಿದಳು. ಕಾಣಿಸಿರಲಿಲ್ಲ.

"ಮತ್ತ? ಇಳಿಸೂದೂ ಬ್ಯಾಡ, ತೋರಿಸೂದೂ ಬ್ಯಾಡ."

ನಾನು ಬಾಯಿ ತೆರೆಯುವಷ್ಟರಲ್ಲಿ ಪಡಸಾಲೆಯಿಂದ ದನಿ ಬಂತು.

"ಏನವಾ ಅನ್ನಪೂರ್ಣಾ, ಅಡಿಗಿಮನ್ಯಾಗ ಹುಬ್ಬಳ್ಳೀನ ತಂದಿಟ್ಟೀಯಂತ? ಓಣಿ ತುಂಬ ಅದ ಮಾತ. ನನಗೂ ಒಂಚೂರ ತೋರ್ಸು, ನಾಳೆ ಗದ್ದಲದಾಗ ಯಾರ ನೋಡತಾರ."

ಶಟ್ಟೆವ್ವ. ಮೊಣಕಾಲು ನೋವು ಆಕೆಗೆ, ಕಂಬ ಹಿಡಿಯುತ್ತ, ಬಾಗಿಲು ಹಿಡಿಯುತ್ತ ಬರುತ್ತಾಳೆ. ಮಹಾದೇವ ಬಿಳಿ ದೀಪದ ಗುಂಡಿ ಆರಿಸಿದ. ಅಡಿಗೆಮನೆ ಮಬ್ಬಾಯಿತು. ಡಬ್ಬಿಯ ತಿರುಪು ಬಿಚ್ಚಿ ಹಳದಿ ಪಟ್ಟಿಗೆ ಜೋಡಿಸಲು ಅವನಿಗೆ ತಾಳ್ಮೆಯೂ ಇಲ್ಲ, ಸಮಯವೂ ಇಲ್ಲ. ಹಳದಿ ಸುರುಳಿಯ ಎರಡು ವಾಯರನ್ನು ಪಕ್ಕದ ಪ್ಲಗ್ಗಿನ ತೂತಿಗೆ ಚುಚ್ಚಿ, ಕಡ್ಡಿಪೆಟ್ಟಿಗೆಯಿಂದ ಎರಡು ಕಡ್ಡಿ ತೆಗೆದು ಬಿಗಿ ಮಾಡಿದ. ದೀಪಾವಳಿಗೆ ಜಗುಲಿಯ ಮುಂದೆ ಸರದ ದೀಪ ಹಚ್ಚುವುದು ಅವನು ಹೀಗೆಯೇ.

"ಏ, ಪರಸಪ್ಪ ಹೇಳ್ಯಾನ..." ಅಂತ ಅನ್ನಪೂರ್ಣಾ ಅನ್ನುತ್ತಿದ್ದಳು. ಅವನು ಗುಂಡಿ ಒತ್ತಿಬಿಟ್ಟಿದ್ದ.

ಚಟ್ ಅಂತು. ಸುರುಳಿ ಒಂದು ಗಳಿಗೆ ಕಣ್ಣು ಕುಕ್ಕುವಂತೆ ಹೊಳೆದು ಸತ್ತಿತು. ಹಳದಿ ಹೊಗೆ ಮೇಲೆದ್ದಿತು, ಸುಟ್ಟ ರಬ್ಬರಿನ ವಾಸನೆ. ಮಹಾದೇವ ಕೈ ಜಾಡಿಸುತ್ತ ಹಿಂದೆ ಸರಿದ. ಶಟ್ಟೆವ್ವ ಹೊಸ್ತಿಲಲ್ಲೇ ನಿಂತಳು.

"ಯಾರಿಗೇನರ ಆತೇನ?"

"ಇಲ್ಲ ಕಾಕಿ, ದೀಪ ಸುಟ್ತು. ಇವತ್ತ ಆಗೂದಿಲ್ಲ ಬಿಡ್ರಿ, ನಡೀರಿ ಹೊರಗ, ಚಾ ಕುಡಿಯೂಣು."

ಆಕೆಯ ಬೆನ್ನಹಿಂದೆಯೇ ಪರಸಪ್ಪ ಕ್ಲಿಪ್ಪಿನ ಚೀಲ ಹಿಡಿದು ಬಂದ. ವಾಸನೆ ಹಿಡಿದ, ಪ್ಲಗ್ಗಿನಲ್ಲಿದ್ದ ಕಡ್ಡಿ ನೋಡಿದ.

"ಹೇಳಿದ್ನೋ ಇಲ್ಲೋ ಸಾವ್ಕಾರ? ಇರ್ಲಿ, ಬಿಳೇದು ಬದುಕೈತಿ. ಹಚ್ಚಲೇನ್ರಿ ಅಮ್ಮಾರ?"

ನನ್ನನ್ನೇ ಕೇಳಿದ. ಮಹಾದೇವ ಗುಂಡಿಗೆ ಅಡ್ಡವಾಗಿ ನಿಂತಿದ್ದ. ಮಬ್ಬಿನಲ್ಲಿ ಅವನ ಮುಖ ಕಾಣುತ್ತಿರಲಿಲ್ಲ, ಉಸಿರು ಕೇಳುತ್ತಿತ್ತು. ಮಗ ಕೆಟ್ಟವನಲ್ಲ. ನಾಳೆ ಮಗಳ ಮುಂದೆ, ಬೀಗರ ಮುಂದೆ ತಲೆ ಎತ್ತಿ ನಿಲ್ಲಬೇಕೆಂಬ ಆಸೆ ಅಷ್ಟೇ. ಒಂದು ಮಾತು ಅಂದರೆ ಸಾಕಿತ್ತು, ನಾಳೆ ಹಚ್ಚಪ್ಪಾ ಅಂತ. ಶಟ್ಟೆವ್ವ ಚಹಾ ಕುಡಿದು ಹೋಗುತ್ತಿದ್ದಳು.

"ಹಚ್ಚು," ಅಂದೆ.

ಪರಸಪ್ಪ ಮಹಾದೇವನನ್ನು ನೋಡಿದ. ಮಹಾದೇವ ಕದಲಲಿಲ್ಲ. ಆಗ ಅನ್ನಪೂರ್ಣಾ ಮುಂದೆ ಬಂದು ಗಂಡನ ತೋಳಿನ ಕೆಳಗೆ ಕೈ ತೂರಿಸಿದಳು.

"ಸರೀರಿ. ಬಸುರ ಹುಡುಗಿ ಮನ್ಯಾಗ ಐತಿ. ಭಂಡಾರದ ಮಾತ ಇದು. ನನಗ ಅಂಜಿಕಿ ಬರತೈತಿ."

ಗುಂಡಿ ಒತ್ತಿದಳು.

ಶಟ್ಟೆವ್ವ ಮೊದಲು ನಕ್ಕಳು. "ಅಯ್ ಚಲೋ ಐತಲ್ಲ," ಅಂತ ಕೆಳಗಿನ ಸಾಲು ನೋಡಿದಳು, ನಡುವಿನ ಸಾಲು ನೋಡಿದಳು. ಮೇಲಿನ ಸಾಲಿನ ಮೂಲೆಗೆ ಬಂದಾಗ ನಗು ಹಾಗೇ ಉಳಿಯಿತು, ಕಣ್ಣು ಮಾತ್ರ ಬದಲಾಯಿತು. ಪರಾತವನ್ನು ಇಳಿಸಿ ಆಕೆಯ ಮುಂದೆ ಇಡಲು ಪರಸಪ್ಪನಿಗೆ ಹೇಳಿದೆ. ಆಕೆ ಕುಳಿತು, ಓರೆಯಾದ ಮೊಳೆಯ ಮೇಲೆ ಹೆಬ್ಬೆರಳು ಇಟ್ಟಳು.

"ತೇಪೆ ಹಚ್ಚಾಂವ ನಮ್ಮ ಮಾವನ ಮುಂದ ಕುಂತು ಹಚ್ಚಿದ್ದ," ಅಂದಳು. "ಹಿತ್ತಾಳಿ ಸಿಗಲಿಲ್ಲಂತ ತಾಮ್ರದ್ದು. ಮೊಳಿ ಸೊಟ್ಟ ಆತಂತ ಮಾವ ಬೈದಿದ್ದ."

ಪರಾತವನ್ನು ತೊಡೆಯ ಮೇಲೆ ಎಳೆದುಕೊಂಡಳು.

"ಭಂಡಾರದ ತಾಟ ತಂದಾಕಿ ನಾನ, ಅಕ್ಕಾ."

"ಹೌದು."

"ಆಕಿ ಗಂಡ ಸತ್ತಾಗ ನಾನ ಮೊದಲ ಅಂದಾಕಿ. ಕಣ್ಣಿಗೆ ಏರೇತಿ ಅಂತ." ಪರಾತದ ಅಂಚನ್ನು ಸೆರಗಿನಿಂದ ಒರೆಸಿದಳು, ಒರೆಸಲು ಏನೂ ಇರಲಿಲ್ಲ. ಆಮೇಲೆ ದನಿ ಇಳಿಸಿದಳು. "ಇದನ್ನ ಹಿತ್ತಲ ಬಾಗಲದಿಂದ ಕಳಸ್ರಿ. ನಾ ಒಳಗಿಟ್ಕೋತೇನಿ. ನಿಮ್ಮ ಮನೀ ಮಾತ ನಿಮ್ಮಲ್ಲಿ, ನಮ್ಮದು ನಮ್ಮಲ್ಲಿ. ಬಾಯವ್ವಗ ಏನರ ಸೀರಿ ಗೀರಿ ಕೊಟ್ರಾತು."

"ಕಾಕಿ ಅನ್ನೂದು ಖರೆ ಐತಿ," ಅಂದ ಮಹಾದೇವ. ಅವನ ದನಿಗೆ ಜೀವ ಬಂದಿತ್ತು.

"ಎರವಲ ತಂದಾಗ ಮುಂಬಾಗಲದಿಂದ ತಂದೀವಿ," ಅಂದೆ. "ಕೊಡೂದೂ ಹಂಗ. ನಾಳೆ ಮುಂಜಾನೆ, ಬೀಗರು ಬರೂಕಿಂತ ಮದ್ಲ. ಬಾಯವ್ವನ್ನ ಕರಕೊಂಡು."

"ಆಕಿ ಬರತಾಳಂತ ತಿಳದೀಯೇನು?" ಅಂದಳು ಶಟ್ಟೆವ್ವ.



ಬೆಳಿಗ್ಗೆ ಎದ್ದು ಬಸ್‌ಸ್ಟ್ಯಾಂಡಿನ ಹಿಂದೆ ಹೋದೆ. ಬಾಯವ್ವ ಒಲೆಯ ಮುಂದೆ ಕೂತು ರೊಟ್ಟಿ ಬಡಿಯುತ್ತಿದ್ದಳು. ನನ್ನನ್ನು ನೋಡಿದಳು, ಕೈ ನಿಲ್ಲಿಸಲಿಲ್ಲ. ಹೊಸ್ತಿಲ ಹೊರಗೆ ಕೂತೆ. ಪರಾತ ಸಿಕ್ಕಿದೆ, ನಮ್ಮ ಹಲಗೆಯ ಮೇಲೇ ಇತ್ತು ಅಂತ ಹೇಳಿದೆ. ಬೇರೆ ಮಾತು ಸೇರಿಸಲಿಲ್ಲ. ಎಷ್ಟು ಸೇರಿಸಿದರೂ ಅದು ದೊಡ್ಡದಾಗುತ್ತಿರಲಿಲ್ಲ.

ಹಿಟ್ಟು ನಾದಿ ಬಡಿಯುವ ಮರದ ಕೊಣಮಿಗೆಯಲ್ಲಿ ರೊಟ್ಟಿ ತಿರುಗುತ್ತಲೇ ಇತ್ತು. ಅದನ್ನು ಹಂಚಿಗೆ ಹಾಕಿ ನೀರು ಸವರಿದಳು. ಇನ್ನೊಂದು ಹಿಡಿ ಹಿಟ್ಟು ತೆಗೆದುಕೊಂಡಳು, ನಾದಲಿಲ್ಲ, ಹಾಗೇ ಹಿಡಿದುಕೊಂಡು ಕೂತಳು.

"ಹಂಗಾರ ನಮ್ಮ ಮನಿಯವರು ಬರೇ ಜಡ್ಡಾಗಿ ಸತ್ರೇನ್ರಿ ಅಕ್ಕಾರ?"

"ಬರೇ ಜಡ್ಡಾಗಿ, ಬಾಯವ್ವಾ."

"ನಾನೂ ಒಮ್ಮೊಮ್ಮಿ ಅನಕೊಂಡೇನ್ರಿ. ನಾ ಮರತು ಎಲ್ಲ್ಯರ ಇಟ್ಟೇನೇನೋ, ಗೊತ್ತಿಲ್ಲದ ಸುಳ್ಳ ಆಣಿ ಮಾಡಿದ್ನೇನೋ ಅಂತ. ನಾನ ಅವರನ್ನ ಕೊಂದ್ನೇನೋ ಅಂತ."

ಹಂಚಿನ ಮೇಲಿನ ರೊಟ್ಟಿ ಕರಕಾಯಿತು. ಆಕೆಯ ಕೈಯಲ್ಲಿ ರೊಟ್ಟಿ ಕರಕಾದದ್ದನ್ನು ನಾನು ಅಂದೇ ನೋಡಿದ್ದು. ಅದನ್ನು ತೆಗೆದು ಬದಿಗೆ ಇಟ್ಟು, ಕೈ ತೊಳೆದುಕೊಂಡು, ಸೆರಗು ಹೊದ್ದು ಎದ್ದಳು.

ಮನೆಯ ಮುಂದೆ ಅನ್ನಪೂರ್ಣಾ ಪರಾತದಲ್ಲಿ ಅಕ್ಕಿ ಹರವಿ, ನಡುವೆ ಬೆಲ್ಲದ ಉಂಡೆ ಇಟ್ಟು ಸಿದ್ಧ ಮಾಡಿದ್ದಳು. ಶಟ್ಟೆವ್ವನ ಮನೆ ಎದುರಿಗೇ ಇದೆ. ಹತ್ತು ಹೆಜ್ಜೆಯ ದಾರಿ, ಬೇಗ ಮುಗಿಯುತ್ತದೆ ಅಂತ ಮಹಾದೇವ ಲೆಕ್ಕ ಹಾಕಿದ್ದ. ಪರಾತವನ್ನು ಎತ್ತಿ ಬಾಯವ್ವನ ಮುಂದೆ ಹಿಡಿದ.

"ತಗೋ ಬಾಯವ್ವಾ."

ಬಾಯವ್ವ ಎರಡೂ ಕೈ ಸೆರಗಿನೊಳಗೆ ಎಳೆದುಕೊಂಡಳು.

"ಅವತ್ತ ನಾ ಮುಟ್ಟಿದ್ದಿಲ್ಲ. ಇವತ್ತೂ ಮುಟ್ಟೂದಿಲ್ಲ. ನೀವ ಹೊರ್ರಿ. ನಾ ಮುಂದ ನಡೀತೇನಿ."

"ಆತು, ನಡಿ."

ಆಕೆ ಎದುರು ಮನೆಗೆ ದಾಟಲಿಲ್ಲ. ಎಡಕ್ಕೆ ತಿರುಗಿ ಓಣಿಯ ತುದಿಯ ಕಡೆ ನಡೆದಳು. ಅಲ್ಲಿಂದ ಹೊರಳಿ, ಆಚೆ ಬದಿಯ ಮನೆಗಳ ಮುಂದಿನಿಂದ ಬಂದು ಶಟ್ಟೆವ್ವನ ಬಾಗಿಲು ಮುಟ್ಟಬೇಕು. ಅಂದು ಭಾಂಡೆ ಹೊತ್ತು ಮನೆಮನೆ ತಿರುಗಿದ ದಾರಿ ಅದೇ. ಮಹಾದೇವ ನನ್ನನ್ನು ನೋಡಿದ. ನಾನು ಅವನ ಹಿಂದೆ ನಡೆದೆ.

ಹಿಟ್ಟಿನ ಗಿರಣಿಯ ಮಡಿವಾಳೆಪ್ಪ ಕಟ್ಟೆಯ ಮೇಲೆ ಹಲ್ಲುಜ್ಜುತ್ತ ಕೂತಿದ್ದ. ಬಾಯವ್ವನನ್ನು ಕಂಡು ಕೈ ನಿಲ್ಲಿಸಿದ.

"ಏನೋ ಮಹಾದೇವಾ, ಕುಬಸದ ದಿನಾ ಪರಾತ ಹೊತ್ತ ಎಲ್ಲಿಗೆ?"

"ಶಟ್ಟೆವ್ವಕಾಕೀದು. ಕೊಡಾಕ ಹೊಂಟೇನಿ."

ಬಾಯವ್ವ ನಿಂತುಬಿಟ್ಟಳು. ತಿರುಗಿ ನೋಡಲಿಲ್ಲ. ಮುಂದೆ ಹೆಜ್ಜೆಯನ್ನೂ ಇಡಲಿಲ್ಲ.

ಅಷ್ಟರಲ್ಲಿ ಓಣಿಯ ಬಾಯಲ್ಲಿ ಜೀಪು ತಿರುಗಿತು. ಸವದತ್ತಿಯ ಬೀಗರು. ಹೇಳಿದ್ದಕ್ಕಿಂತ ಮೊದಲೇ ಬಂದಿದ್ದರು. ಓಣಿ ಇಕ್ಕಟ್ಟು, ನಡುವೆ ಬಾಯವ್ವ, ಆಕೆಯ ಹಿಂದೆ ಪರಾತ ಹೊತ್ತ ಮಹಾದೇವ. ಜೀಪು ಆಕೆಯ ಎದುರಿಗೆ ಬಂದು ನಿಂತಿತು. ಹಾರ್ನ್ ಹಾಕಿದರು. ಬಾಯವ್ವ ಸರಿಯಲಿಲ್ಲ. ಬೀಗರು ಎಂಜಿನ್ ಬಂದ್ ಮಾಡಿ ತಲೆ ಹೊರಗೆ ಹಾಕಿದರು.

ಮಹಾದೇವನ ಕಿವಿ ಕೆಂಪಾಗಿತ್ತು. ಪರಾತದ ಅಂಚು ಹಿಡಿದ ಬೆರಳುಗಳು ಬಿಳುಪೇರಿದ್ದವು, ಒಂದು ಹೆಬ್ಬೆರಳು ತೇಪೆಯ ಮೇಲೆ ಇತ್ತು. ನಾನು ಹೇಳಿಕೊಟ್ಟರೆ ಅದು ನನ್ನ ಮಾತಾಗುತ್ತಿತ್ತು.

"ಅಕ್ಕನ ಮದ್ವ್ಯಾಗ ಎರವಲ ತಂದಿದ್ದು ಕಾಕಾ," ಅಂದ ಮಡಿವಾಳೆಪ್ಪನಿಗೆ. ಜೀಪಿನ ಕಡೆ ಮುಖ ತಿರುವಿದ. ಈ ಸಲ ಜೀಪಿನವರೆಗೂ ಕೇಳುವ ಹಾಗೆ ಅಂದ. "ಇಷ್ಟ ದಿನಾ ನಮ್ಮ ಮನ್ಯಾಗ ಇತ್ತು. ಬಾಯವ್ವ ಒಯ್ದಿದ್ದಿಲ್ಲ. ಆಕಿ ಮಾಡಿದ ಆಣಿ ಖರೆ ಇತ್ತು."

ಮಡಿವಾಳೆಪ್ಪ ಹಲ್ಲುಜ್ಜುವ ಕಡ್ಡಿ ಕೆಳಗಿಟ್ಟು ಎದ್ದು ನಿಂತ.

ಬಾಯವ್ವ ಜೀಪಿಗೆ ದಾರಿ ಬಿಟ್ಟು ಬದಿಗೆ ಸರಿದು ನಡೆದಳು. ಮುಂದಿನ ಮನೆಯ ಕಟ್ಟೆಯ ಹತ್ತಿರ ಬಂದಾಗ ಮತ್ತೆ ನಿಂತು, ಮಹಾದೇವ ಬಾಯಿ ತೆರೆಯುವುದನ್ನು ಕಾದಳು.